ಸಿಬೆರುತ್ ಕಾಡಿನ ಜಗಲಿಯಲ್ಲಿ ನಾಲ್ಕು ರಾತ್ರಿ

ಆ ಮನೆಯಲ್ಲಿ ನನ್ನ ಹೆಸರು ಯಾರಿಗೂ ಬೇಕಾಗಲಿಲ್ಲ. ಮೆಟ್ಟಿಲು ಹತ್ತಿ ಜಗಲಿಯಲ್ಲಿ ಕೂತು ಕಾಲು ನೀಡಿದ್ದೆ, ಮನೆಯ ಹಿರಿಯ ಹೆಂಗಸು ನನ್ನ ಮಗಳ ಕಡೆ ಕೈ ಮಾಡಿ ಏನೋ ಕೇಳಿದರು. "ಇವಳನ್ನು ಮನೆಯಲ್ಲಿ ಏನಂತ ಕರೀತೀರಿ ಅಂತ ಕೇಳ್ತಿದ್ದಾರೆ" ಎಂದ ಗೈಡ್. ಪುಟ್ಟಿ ಅಂದೆ. ಮುಗೀತು. ಅಲ್ಲಿಂದ ಹೊರಡುವವರೆಗೂ ನಾನು "ಬಾಯ್ ಪುಟ್ಟಿ". ಅಂದರೆ ಪುಟ್ಟಿಯ ತಾಯಿ.

ಸಿಬೆರುತ್ ದ್ವೀಪದ ಮೂಲನಿವಾಸಿಗಳಾದ ಮೆಂತವಾಯ್ ಜನರಲ್ಲಿ ಮಗು ಹುಟ್ಟಿದ ಮೇಲೆ ಅಪ್ಪ ಅಮ್ಮನನ್ನು ಮಗುವಿನ ಹೆಸರು ಹಿಡಿದೇ ಕರೆಯುತ್ತಾರೆ. ಅಪ್ಪನಾದರೆ ಅಮಾನ್, ಅಮ್ಮನಾದರೆ ಬಾಯ್. ಇದನ್ನು ಕೇಳಿದ ಕೂಡಲೇ ನನಗೆ ಅಜ್ಜಿ ನೆನಪಾದಳು. ಸಾಗರದ ಹತ್ತಿರದ ನಮ್ಮ ಹಳ್ಳಿಮನೆಗೆ ರೇಷನ್ ಕಾರ್ಡಿನವರು ಬಂದು "ಯಜಮಾನರ ಹೆಸರು?" ಎಂದು ಕೇಳಿದಾಗಲೂ ಅಜ್ಜಿ ಬಾಯಿಬಿಟ್ಟು ಅಜ್ಜನ ಹೆಸರು ಹೇಳಿರಲಿಲ್ಲ. ದೊಡ್ಡ ಮಗನ ಹೆಸರು ಹೇಳಿ "ಅವನ ಅಪ್ಪಯ್ಯ" ಅಂದಿದ್ದಳು. ಎಲ್ಲಿಯ ಸಾಗರ, ಎಲ್ಲಿಯ ಸಿಬೆರುತ್! ಆದರೆ ಆ ಹೊಸ ಹೆಸರು ಕಿವಿಗೆ ಬಿದ್ದ ಮೇಲೆ ಎದೆಯೊಳಗಿನ ಅಂಜಿಕೆ ಅರ್ಧ ಇಳಿದುಹೋಯಿತು.

ಸಿಬೆರುತ್ ಇಂಡೋನೇಷ್ಯಾದ ಒಂದು ದ್ವೀಪ. ಸುಮಾತ್ರಾದ ಪಶ್ಚಿಮಕ್ಕೆ, ನಮ್ಮ ಹಿಂದೂ ಮಹಾಸಾಗರದಲ್ಲೇ ಇದೆ. ಮೆಂತವಾಯ್ ದ್ವೀಪಗಳಲ್ಲಿ ಇದೇ ದೊಡ್ಡದು, ಸುಮಾರು 4,000 ಚದರ ಕಿಲೋಮೀಟರ್. ಮಗಳು ಕೌಲಾಲಂಪುರದಲ್ಲಿ ಕೆಲಸ ಮಾಡುತ್ತಾಳೆ. ಅಲ್ಲಿಂದ ಪಡಾಂಗ್ ಊರಿಗೆ ವಿಮಾನದಲ್ಲಿ ಒಂದು ಗಂಟೆಯ ಮೇಲೆ ಸ್ವಲ್ಪ, ಅಷ್ಟೇ. ಪಡಾಂಗ್‌ನಿಂದ ದೊಡ್ಡ ಬೋಟಿನಲ್ಲಿ ಸಮುದ್ರ ದಾಟಿ ಸಿಬೆರುತ್‌ನ ಮೈಲೆಪ್ಪೆಟ್ ಜೆಟ್ಟಿಗೆ. ಅಲ್ಲಿಂದ ಉದ್ದನೆಯ ಮೋಟಾರ್ ದೋಣಿಯಲ್ಲಿ ರೆರೈಕೆಟ್ ಹೊಳೆಯ ಮೇಲ್ಗಡೆಗೆ. ರೊಕ್ದೋಕ್, ಮದೋಬಾಕ್ ಅನ್ನುವ ಹಳ್ಳಿಗಳು ಈ ಹೊಳೆಯ ದಂಡೆಯಲ್ಲೇ ಇವೆ. ದೋಣಿ ಇಳಿದ ಮೇಲೆ ಕಾಡಿನೊಳಗೆ ನಡಿಗೆ.

ಹೋಗುವ ಮೊದಲು ನನಗೊಂದು ಅಳುಕಿತ್ತು. ಅದನ್ನು ಹೇಳದೆ ಮುಂದಿನದು ಹೇಳಿದರೆ ಸರಿಯಾಗುವುದಿಲ್ಲ.

ಮದುವೆಯಾದ ಹೊಸದರಲ್ಲಿ ನಾವು ಬಿಳಿಗಿರಿರಂಗನ ಬೆಟ್ಟದ ಕಡೆ ಒಂದು ರೆಸಾರ್ಟಿನಲ್ಲಿ ಉಳಿದಿದ್ದೆವು. ರಾತ್ರಿ ಊಟಕ್ಕೆ ಮುಂಚೆ ಅಂಗಳದಲ್ಲಿ ಬೆಂಕಿ ಹಾಕಿ ಸೋಲಿಗರನ್ನು ಕರೆಸಿ ಕುಣಿಸಿದರು. "ಗೊರುಕ ಗೊರುಕನ" ಎಂದು ಹಾಡುತ್ತಾ ಅವರು ಸುತ್ತು ಹಾಕಿದರು. ನಾವು ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂತು ಚಪ್ಪಾಳೆ ತಟ್ಟಿದೆವು. ಕುಣಿತ ಮುಗಿಯಿತು, ಅವರು ಕತ್ತಲಲ್ಲಿ ನಡೆದು ಹೋದರು. ಅವರಲ್ಲಿ ಒಬ್ಬರ ಹತ್ತಿರವೂ ನಾನು ಒಂದು ಮಾತು ಆಡಲಿಲ್ಲ. ಅವರದೂ ಕನ್ನಡವೇ. ಕೇಳಿದ್ದರೆ ತಿಳಿಯುತ್ತಿತ್ತು. 1974ರಲ್ಲಿ ಆ ಕಾಡು ಅಭಯಾರಣ್ಯ ಆದಾಗ ಅವರ ಬೇಸಾಯ, ಬೇಟೆ ಎಲ್ಲಾ ನಿಂತುಹೋಯಿತು, ಎಷ್ಟೋ ಮಂದಿ ಪೋಡು ಎನ್ನುವ ತಮ್ಮ ಹಳೆಯ ಹಾಡಿಗಳನ್ನು ಬಿಟ್ಟು ಬರಬೇಕಾಯಿತು. ಅರಣ್ಯ ಹಕ್ಕು ಕಾಯ್ದೆಯಡಿ ಅವರಿಗೆ ಕಾಡಿನ ಮೇಲೆ ಸಮುದಾಯದ ಹಕ್ಕು ಸಿಕ್ಕಿದ್ದು 2011ರಲ್ಲಿ. ಇದನ್ನೆಲ್ಲ ನಾನು ಎಷ್ಟೋ ವರ್ಷ ಆದ ಮೇಲೆ ಓದಿ ತಿಳಿದುಕೊಂಡೆ. ಆ ಪ್ಲಾಸ್ಟಿಕ್ ಕುರ್ಚಿ ಮಾತ್ರ ಮನಸ್ಸಿನಿಂದ ಹೋಗಲಿಲ್ಲ. ಹಾಗಾಗಿ ಮಗಳು "ಅಮ್ಮಾ, ಕಾಡಿನ ಜನರ ಮನೆಯಲ್ಲಿ ಉಳಿಯುವ ಟ್ರೆಕ್ ಇದೆ, ಬರ್ತೀಯಾ?" ಎಂದಾಗ ನಾನು ತಕ್ಷಣ ಹೂಂ ಅನ್ನಲಿಲ್ಲ. ಮತ್ತೊಂದು ಕುರ್ಚಿಯಲ್ಲಿ ಹೋಗಿ ಕೂರುವುದಾದರೆ ಬೇಡ ಅಂದೆ.

ಬುಕ್ಕಿಂಗ್ ಮಾಡಿದ್ದು ಪಡಾಂಗ್‌ನ ಒಬ್ಬ ಏಜೆಂಟ್ ಮೂಲಕ. ಗೈಡ್ ಮಾತ್ರ ಮೆಂತವಾಯ್ ಹುಡುಗನೇ, ವಯಸ್ಸು ಮೂವತ್ತರ ಆಸುಪಾಸು. ನನ್ನನ್ನು "ಇಬು" ಎನ್ನುತ್ತಿದ್ದ. ಇಂಡೋನೇಷ್ಯಾದ ಭಾಷೆಯಲ್ಲಿ ಅಮ್ಮ ಎಂದರ್ಥ. ಮಗಳಿಗೆ ಮಲಯ ಭಾಷೆ ಬರುವುದರಿಂದ ಅವರಿಬ್ಬರ ಮಾತು ಸಲೀಸಾಗಿ ಸಾಗಿತು. ಹಿರಿಯರ ಮೆಂತವಾಯ್ ಮಾತು ಬೇರೆಯೇ. ಅದನ್ನು ಅವನು ಮಗಳಿಗೆ ಹೇಳಿ, ಅವಳು ನನಗೆ ಹೇಳಿ, ಹೀಗೆ ಮೂರು ಕೈ ದಾಟಿ ಬರುತ್ತಿತ್ತು.

ನಡಿಗೆ ಮೂರು ಗಂಟೆ. ದೂರ ಜಾಸ್ತಿ ಇಲ್ಲ, ಕೆಸರು ಜಾಸ್ತಿ. ನಮ್ಮ ಆಗುಂಬೆಯ ಹಾಗೆ ನಾಲ್ಕು ತಿಂಗಳಲ್ಲಿ ಸುರಿದು ಮುಗಿಸುವ ಮಳೆಯಲ್ಲ ಇಲ್ಲಿಯದು. ವರ್ಷವಿಡೀ ಬರುತ್ತದೆ, ಹಾಗಾಗಿ ನೆಲ ಆರುವುದೇ ಇಲ್ಲ. ಕೆಲವು ಕಡೆ ಮೊಣಕಾಲವರೆಗೆ ಹೂತುಹೋಗುತ್ತದೆ. ಅಂಥ ಕಡೆಗಳಲ್ಲಿ ಉದ್ದಕ್ಕೂ ಮರದ ದಿಮ್ಮಿ, ಸಾಗು ಮರದ ತುಂಡು ಹಾಸಿರುತ್ತಾರೆ. ನೋಡಿದ ಕೂಡಲೇ "ಇದು ಕಾಲುಸಂಕ" ಅಂದೆ. ಚಿಕ್ಕಂದಿನಲ್ಲಿ ಶಾಲೆಗೆ ಹೋಗುವಾಗ ಹಳ್ಳ ದಾಟುತ್ತಿದ್ದ ಸಂಕ. ಒಂದೇ ಅಡಿಕೆ ಮರದ ಮೇಲೆ ಪಾದ ಅಡ್ಡ ಇಟ್ಟು, ದೂರ ನೋಡುತ್ತಾ, ನಿಲ್ಲದೆ ನಡೆಯಬೇಕು. ಆ ವಿದ್ಯೆ ಐವತ್ನಾಲ್ಕನೇ ವಯಸ್ಸಿಗೆ ಕಾಲಿಗೆ ತಾನಾಗಿ ನೆನಪಾಯಿತು. ಮಗಳು ಮೂರು ಸಲ ಜಾರಿದಳು. ನಾನು ಒಂದೇ ಸಲ ಜಾರಿದ್ದು, ಆದರೆ ಎಡಗೈ ಊರಿ ಬಿದ್ದೆ. ಮಣಿಕಟ್ಟು ಊದಿಕೊಂಡಿತು.

ಈಗ ಮನೆ. ಅವರು ಅದಕ್ಕೆ ಉಮಾ ಎನ್ನುತ್ತಾರೆ. ನೆಲದಿಂದ ಆಳೆತ್ತರದ ಕಂಬಗಳ ಮೇಲೆ ನಿಂತ ಉದ್ದನೆಯ ಮನೆ. ಕೆಳಗೆ ಹಂದಿಗಳು ಓಡಾಡಿಕೊಂಡಿರುತ್ತವೆ. ಹತ್ತಲು ಒಂದು ದಿಮ್ಮಿಗೆ ಕಚ್ಚು ಹಾಕಿದ ಏಣಿ. ಮುಂದೆ ಗೋಡೆಯಿಲ್ಲದ ಜಗಲಿ, ಮಾತುಕತೆ, ನಿದ್ದೆ, ಅತಿಥಿಗಳು ಎಲ್ಲಾ ಅಲ್ಲೇ. ಒಳಗೆ ಒಲೆ. ಮೇಲೆ ಸಾಗು ಎಲೆಯ ಮಾಡು. ನಾನು ಹುಟ್ಟಿದ್ದು ಅಡಿಕೆ ಸೋಗೆ ಹೊದಿಸಿದ ಮನೆಯಲ್ಲಿ. ಮಳೆ ಬಿದ್ದಾಗ ಹಂಚಿನ ಮನೆಗೂ ಸೋಗೆ ಮನೆಗೂ ಸದ್ದು ಬೇರೆ. ಸೋಗೆಯ ಮೇಲೆ ಬಿದ್ದ ಮಳೆ ತಲೆ ಮೇಲೆ ಕುಟ್ಟುವುದಿಲ್ಲ, ಯಾರೋ ಪಕ್ಕದ ಕೋಣೆಯಲ್ಲಿ ಅಕ್ಕಿ ಕೇರಿದ ಹಾಗೆ ಕೇಳುತ್ತದೆ. ನಲವತ್ತು ವರ್ಷದ ಮೇಲೆ ಆ ಸದ್ದು ಮತ್ತೆ ಕೇಳಿದ್ದು ಈ ಉಮಾದಲ್ಲಿ. ಮೊದಲ ರಾತ್ರಿ ಸುಮ್ನೆ ಕಣ್ಣು ಬಿಟ್ಟುಕೊಂಡು ಕೇಳುತ್ತಾ ಮಲಗಿದ್ದೆ.

ಜಗಲಿಯ ತೊಲೆಗೆ ಸಾಲಾಗಿ ತಲೆಬುರುಡೆಗಳನ್ನು ಕಟ್ಟಿದ್ದರು. ಬೇಟೆಯಾಡಿದ ಕೋತಿ, ಜಿಂಕೆ, ಮನೆಯಲ್ಲೇ ಸಾಕಿದ ಹಂದಿ. ಸಸ್ಯಾಹಾರಿ ಮನೆಯವಳಾದ ನನಗೆ ಮೊದಲ ನೋಟಕ್ಕೆ ಹೊಟ್ಟೆ ತೊಳಸಿತು. ಆದರೆ ಹತ್ತಿರ ಹೋಗಿ ನೋಡಿದರೆ ಕೆಲವಕ್ಕೆ ಒಣಗಿದ ಎಲೆ ಸಿಕ್ಕಿಸಿ ಚೆಂದ ಮಾಡಿದ್ದಾರೆ. ಸತ್ತ ಪ್ರಾಣಿಯ ಜೀವಕ್ಕೆ ಬೇಸರವಾಗಬಾರದು, ಈ ಮನೆ ಚೆನ್ನಾಗಿದೆ ಅನ್ನಿಸಬೇಕು ಎಂದು ಹಾಗೆ ಅಲಂಕಾರ. ಅವರ ನಂಬಿಕೆಯಲ್ಲಿ ಜೀವ ಎಲ್ಲಕ್ಕೂ ಇದೆ, ಮರಕ್ಕೆ, ದೋಣಿಗೆ, ಹೊಳೆಗೆ ಕೂಡ. ಮನುಷ್ಯನ ಜೀವಕ್ಕೆ ಸಿಮಾಗ್ರೆ ಎನ್ನುತ್ತಾರೆ. ಮೈ ಚೆಂದ ಇಲ್ಲದಿದ್ದರೆ, ಮನಸ್ಸಿಗೆ ಹಿತ ಇಲ್ಲದಿದ್ದರೆ ಸಿಮಾಗ್ರೆ ಮೈಬಿಟ್ಟು ಅಲೆಯಲು ಹೋಗುತ್ತದಂತೆ. ಆಗ ಕಾಯಿಲೆ ಬರುತ್ತದೆ. ಅದಕ್ಕೇ ಹೂ ಮುಡಿಯುವುದು, ಮಣಿ ಕಟ್ಟುವುದು, ಹಚ್ಚೆ ಹಾಕಿಸಿಕೊಳ್ಳುವುದು. ಜೀವವನ್ನು ರಮಿಸಿ ಮೈಯಲ್ಲೇ ಇರಿಸಿಕೊಳ್ಳುವ ಕೆಲಸ ಅದು. ಓಡಿಹೋದ ಜೀವವನ್ನು ಕರೆದು ತರುವವರು ಸಿಕೆರೈ. ನಾವು ಉಳಿದ ಮನೆಯ ಹಿರಿಯರು ಒಬ್ಬ ಸಿಕೆರೈ. ಅವರ ಹೆಸರು ಇಲ್ಲಿ ಬರೆಯುವುದಿಲ್ಲ, ಬರೆಯಲಾ ಎಂದು ಕೇಳಿ ಬಂದಿಲ್ಲ. ಅಮಾನ್ ಎಂದಷ್ಟೇ ಕರೆಯುತ್ತೇನೆ. ಅವರ ಹೆಂಡತಿ, ನನಗೆ ಹೆಸರು ಕೊಟ್ಟವರು, ಬಾಯ್.

ನಾನು ಹೆದರಿದ್ದು ಮೊದಲ ದಿನವೇ ಆಯಿತು. ನಮ್ಮ ಮುಂದೆ ಓಡಿಹೋದ ಒಬ್ಬ ಹುಡುಗ ನಾವು ಬರುವ ಸುದ್ದಿ ಮುಟ್ಟಿಸಿದ್ದ. ನಾವು ಕೊನೆಯ ತಿರುವು ಇಳಿಯುವಾಗ ಜಗಲಿಯಲ್ಲಿ ಒಬ್ಬ ಯುವಕ ಅವಸರದಲ್ಲಿ ಫುಟ್‌ಬಾಲ್ ಟೀ ಶರ್ಟ್ ಬಿಚ್ಚುತ್ತಿದ್ದ. ನಾವು ಹತ್ತಿರ ಹೋಗುವಷ್ಟರಲ್ಲಿ ಅವನ ಮೈಮೇಲೆ ಕಬಿತ್ ಇತ್ತು, ಮರದ ತೊಗಟೆಯ ಲಂಗೋಟಿ. ಹಲಸಿನ ಜಾತಿಯ ಒಂದು ಮರದ ತೊಗಟೆಯನ್ನು ಬಡಿದು ಬಡಿದು ಬಟ್ಟೆಯ ಹಾಗೆ ಮೆತ್ತಗೆ ಮಾಡುತ್ತಾರೆ. ಆ ಯುವಕ ನನ್ನ ಕಣ್ಣು ತಪ್ಪಿಸಿ ನಿಂತ. ರಾತ್ರಿ ಗೈಡ್‌ನನ್ನು ಕೇಳಿದೆ. ಅವನು ಸ್ವಲ್ಪ ಹೊತ್ತು ಸುಮ್ಮನಿದ್ದು ಹೇಳಿದ, "ಏಜೆಂಟ್ ಹೇಳಿ ಕಳಿಸ್ತಾರೆ ಇಬು. ಬಂದವರ ಕ್ಯಾಮೆರಾದಲ್ಲಿ ಟೀ ಶರ್ಟ್ ಬರಬಾರದು ಅಂತ."

"ನನಗಾಗಿ ಬಟ್ಟೆ ಬಿಚ್ಚುವುದು ಬೇಡ. ನಾಳೆ ನೀವು ಏನು ಕೆಲಸ ಮಾಡಬೇಕು ಅಂತಿದ್ದಿರೋ ಅದನ್ನೇ ಮಾಡಿ. ನಾನೂ ಬರ್ತೀನಿ" ಅಂದೆ. ಮಗಳು ಹೇಳಿದಳು, ಗೈಡ್ ಹೇಳಿದ, ಅಮಾನ್ ಕೇಳಿಸಿಕೊಂಡು ನಕ್ಕರು. ಅವರು ಮಾತ್ರ ಕಬಿತ್‌ನಲ್ಲೇ ಇದ್ದರು. ಅವರಿಗೆ ಅದೇ ದಿನದ ಬಟ್ಟೆ. ಯುವಕ ಬೆಳಿಗ್ಗೆ ಟೀ ಶರ್ಟ್ ಹಾಕಿಕೊಂಡು, ಕತ್ತಿ ಹಿಡಿದು, "ಬಾಯ್ ಪುಟ್ಟಿ, ನಡೀರಿ" ಎನ್ನುವ ಹಾಗೆ ಕೈ ಮಾಡಿದ. ಅವತ್ತಿನ ಕೆಲಸ ಸಾಗು.

ನಾವು ಸಬ್ಬಕ್ಕಿ ಎನ್ನುವುದರ ಮೂಲ ಈ ಸಾಗು. ನಮ್ಮ ಅಂಗಡಿಯ ಸಬ್ಬಕ್ಕಿ ಮರಗೆಣಸಿನ ಹಿಟ್ಟಿನಿಂದ ಬರುವುದು, ತಮಿಳುನಾಡಿನ ಸೇಲಂ ಕಡೆಯಿಂದ. ನಿಜವಾದ ಸಾಗು ಒಂದು ತಾಳೆ ಜಾತಿಯ ಮರ. ನಮ್ಮ ಬೈನೆ ಮರದ ಬಂಧು ಅಂತಿಟ್ಟುಕೊಳ್ಳಿ. ಬರಗಾಲದಲ್ಲಿ ಬೈನೆಯ ತಿರುಳು ಕುಟ್ಟಿ ಹಿಟ್ಟು ಮಾಡಿ ತಿಂದ ಕತೆ ನಮ್ಮ ಹಿರಿಯರೂ ಹೇಳುತ್ತಿದ್ದರು. ಮರಕ್ಕೆ ಹತ್ತು ಹದಿನೈದು ವರ್ಷ ಆಗಿ ಇನ್ನೇನು ಹೂ ಬಿಡಬೇಕು ಅನ್ನುವಾಗ ಕಡಿಯುತ್ತಾರೆ. ಹೂ ಬಿಟ್ಟರೆ ಒಳಗೆ ಕೂಡಿಟ್ಟ ಹಿಟ್ಟೆಲ್ಲ ಅದಕ್ಕೇ ಖರ್ಚಾಗಿಬಿಡುತ್ತದೆ. ಕಡಿಯುವ ಕಾಲ ಯಾವುದೆಂದು ನೋಡಿಯೇ ಹೇಳುತ್ತಾರೆ.

ಬಿದ್ದ ಮರದ ಸಿಪ್ಪೆ ಸೀಳಿ ತೆಗೆದರೆ ಒಳಗೆ ತಿಳಿ ಗುಲಾಬಿ ಬಣ್ಣದ ತಿರುಳು. ಇಬ್ಬರು ಎದುರುಬದುರು ಕೂತು ಮೊಳೆ ಹೊಡೆದ ಹಲಗೆಯಿಂದ ಅದನ್ನು ತುರಿಯುತ್ತಾರೆ. ತುರಿದದ್ದನ್ನು ಬುಟ್ಟಿಯಲ್ಲಿ ಹೊತ್ತು ಹೊಳೆಯ ಅಂಚಿಗೆ. ಅಲ್ಲಿ ಕಂಬಗಳ ಮೇಲೆ ಒಂದು ಅಟ್ಟಣೆ. ಯುವಕ ಅಟ್ಟಣೆ ಹತ್ತಿ ತುರಿಯ ಮೇಲೆ ಹೊಳೆಯ ನೀರು ಹೊಯ್ಯುತ್ತಾ ಬರಿಗಾಲಲ್ಲಿ ತುಳಿಯಲು ಶುರುಮಾಡಿದ. ತುಳಿದ ಹಾಗೆ ಹಾಲಿನಂಥ ನೀರು ಕೆಳಗೆ ಸೋರಿ, ದೋಣಿಯ ಹಾಗೆ ಕೊರೆದ ಉದ್ದನೆಯ ಮರಿಗೆಗೆ ಬೀಳುತ್ತದೆ. ಹಿಟ್ಟು ತಳಕ್ಕೆ ಕೂರುತ್ತದೆ. ಮೇಲಿನ ನೀರು ತುಂಬಿ ತಾನಾಗಿ ಹೊರಗೆ ಹರಿಯುತ್ತದೆ.

ನಾನು ಮರಿಗೆಯ ಪಕ್ಕ ಕುಕ್ಕರಗಾಲಲ್ಲಿ ಕೂತು ನೋಡುತ್ತಿದ್ದೆ. ಇದು ನನಗೆ ಗೊತ್ತು! ಇದು ಅಜ್ಜಿಯ ಕೂವೆ ಹಿಟ್ಟು. ಕೊಟ್ಟಿಗೆ ಹಿಂದೆ ಕೂವೆ ಗಿಡ ಇದ್ದವು. ಚಳಿಗಾಲದಲ್ಲಿ ಎಲೆ ಒಣಗಿದ ಮೇಲೆ ಗಡ್ಡೆ ಕಿತ್ತು, ತೊಳೆದು, ತುರಿದು, ಬಟ್ಟೆಯಲ್ಲಿ ಕಟ್ಟಿ ನೀರಿನಲ್ಲಿ ಹಿಂಡುವುದು. ರಾತ್ರಿಯಿಡೀ ಬಿಟ್ಟರೆ ತಳದಲ್ಲಿ ಬೆಳ್ಳಗೆ ಕೂತಿರುತ್ತದೆ. ನೀರು ಬಸಿದು, ಮತ್ತೆ ಹೊಸ ನೀರು ಹಾಕಿ ಕಲಕಿ, ಮತ್ತೆ ಬಸಿದು, ಏಳು ನೀರು ಬದಲಿಸಬೇಕು ಎನ್ನುತ್ತಿದ್ದಳು ಅಜ್ಜಿ. ಜ್ವರ ಬಂದ ಮಕ್ಕಳಿಗೆ ಅದರದೇ ಗಂಜಿ. ಒದ್ದೆ ಹಿಟ್ಟಿಗೆ ಬೆರಳು ಒತ್ತಿದರೆ ಮೊದಲು ಕಲ್ಲಿನ ಹಾಗೆ ಗಟ್ಟಿ, ಒತ್ತಿ ಹಿಡಿದರೆ ನಿಧಾನ ಒಳಗೆ ಬಿಟ್ಟುಕೊಳ್ಳುತ್ತದೆ, ತೆಗೆಯುವಾಗ ಕಿರ್ರ್ ಎನ್ನುತ್ತದೆ. ನಾನು ಮರಿಗೆಗೆ ಕೈ ಹಾಕಿ ತಳದ ಸಾಗುವಿಗೆ ಬೆರಳು ಒತ್ತಿದೆ. ಅದೇ ಗಟ್ಟಿ, ಅದೇ ಕಿರ್ರ್.

ಬಾಯ್ ನೋಡುತ್ತಿದ್ದರು. "ಗೊತ್ತಾ?" ಎನ್ನುವ ಹಾಗೆ ಹುಬ್ಬು ಏರಿಸಿದರು. ಗೊತ್ತು ಎಂದು ತಲೆಯಾಡಿಸಿದೆ. ನೆಲದ ಕಡೆ ತೋರಿಸಿ, ಗಡ್ಡೆ ಅಗೆಯುವ ಹಾಗೆ, ತುರಿಯುವ ಹಾಗೆ, ಹಿಂಡುವ ಹಾಗೆ ಕೈ ಮಾಡಿ ತೋರಿಸಿದೆ. ಅವರಿಗೆ ಪೂರ್ತಿ ಅರ್ಥವಾಯಿತು. ಮೂರು ಕೈ ದಾಟದೆ ನಮ್ಮಿಬ್ಬರ ನಡುವೆ ಆಡಿದ ಮೊದಲ ಮಾತು ಅದು. ಆ ಗಿಡ ಹೇಗಿದೆ ಎಂದು ಕೇಳಿದರು. ಫೋನಿನಲ್ಲಿ ಫೋಟೋ ಇರಲಿಲ್ಲ, ಅಲ್ಲಿ ನೆಟ್‌ವರ್ಕ್ ಇಲ್ಲ. ಮಣ್ಣಿನಲ್ಲಿ ಕಡ್ಡಿಯಿಂದ ಎಲೆ ಬರೆದು ತೋರಿಸಿದೆ. ಚೆನ್ನಾಗಿ ಬರಲಿಲ್ಲ.

ಕೂತ ಹಿಟ್ಟನ್ನು ಸಾಗು ಎಲೆಯ ಉದ್ದ ಕೊಳವೆಯಂಥ ಮೂಟೆಗಳಿಗೆ ತುಂಬಿ ನೀರಿನಲ್ಲಿ ಮುಳುಗಿಸಿ ಇಡುತ್ತಾರೆ. ನೀರಿನಲ್ಲಿದ್ದರೆ ತಿಂಗಳುಗಟ್ಟಲೆ ಕೆಡುವುದಿಲ್ಲ. ಒಂದು ಮರ ಒಂದು ಮನೆಯನ್ನು ತಿಂಗಳುಗಟ್ಟಲೆ ಸಾಕುತ್ತದೆ. ಉಳಿದ ತಿರುಳು ಕೋಳಿಗೆ, ಹಂದಿಗೆ. ಕಾಡಿನಲ್ಲೇ ಬಿಟ್ಟ ಬುಡದಲ್ಲಿ ಹುಳು ಬೆಳೆಯುತ್ತದೆ, ಅದನ್ನೂ ಆಸೆಪಟ್ಟು ತಿನ್ನುತ್ತಾರೆ. ಸೋಗೆ ಮಾಡಿಗೆ. ಎಸೆಯುವುದು ಅಂತ ಏನೂ ಇಲ್ಲ, ನಮ್ಮ ಅಡಿಕೆ ತೋಟದ ಹಾಗೆ.

ಅಡುಗೆ ಇನ್ನೂ ಸರಳ. ಹಿಟ್ಟು ಪುಡಿ ಮಾಡಿ, ಜರಡಿ ಹಿಡಿದು, ಬೆರಳುದಪ್ಪ ಸಾಗು ಎಲೆಯ ಮಡಿಕೆಗೆ ತುಂಬಿ ಬೆಂಕಿಯ ಮೇಲೆ ಸಾಲಾಗಿ ಇಡುವುದು. ಕಪುರುತ್ ಎನ್ನುತ್ತಾರೆ. ಎಲೆ ಕಪ್ಪಾದಾಗ ತೆಗೆದು ಬಿಚ್ಚಿದರೆ ಹೊರಗೆ ಗರಿಗರಿ, ಒಳಗೆ ಅಂಟು. ಉಪ್ಪಿಲ್ಲ, ಹೊಗೆಯ ವಾಸನೆ ಮಾತ್ರ. ನಾನು ಮಾಂಸ ತಿನ್ನುವುದಿಲ್ಲ ಎಂದು ಗೊತ್ತಾದ ಮೇಲೆ ಬಾಯ್ ನನಗಾಗಿ ಕೆಸುವಿನ ಗಡ್ಡೆ ಬೇಯಿಸಿ, ಬಾಳೆಹಣ್ಣು ಸೇರಿಸಿ ಕುಟ್ಟಿ, ಉಂಡೆ ಕಟ್ಟಿ, ಕಾಯಿತುರಿಯಲ್ಲಿ ಹೊರಳಿಸಿ ಕೊಟ್ಟರು. ಅದು ಸುಬ್ಬೆತ್. ಕೆಸು, ಬಾಳೆ, ತೆಂಗು. ಇನ್ನೇನು ಬೇಕು ಮಲೆನಾಡಿನವರಿಗೆ? ಮಣಿಕಟ್ಟಿಗೆ ಅಮಾನ್ ಕಾಡಿನಿಂದ ಯಾವುದೋ ಬೇರು ತಂದು ಅರೆದು ಹಚ್ಚಿದರು. ಹಚ್ಚುವಾಗ ಬೇರಿನ ಜೊತೆ ಮಾತಾಡುತ್ತಿದ್ದರು. ಏನು ಹೇಳ್ತಿದ್ದಾರೆ ಎಂದೆ. "ಕೆಲಸ ಮಾಡು ಅಂತ ಹೇಳ್ತಿದ್ದಾರೆ" ಎಂದ ಗೈಡ್. ಎರಡು ದಿನದಲ್ಲಿ ಊತ ಇಳಿಯಿತು.

ಸಂಜೆ ಅವರ ಹಚ್ಚೆ ನೋಡುತ್ತಾ ಕೂತಿದ್ದೆ. ಎದೆ, ತೋಳು, ತೊಡೆ, ಬೆರಳವರೆಗೆ ಉದ್ದುದ್ದ ಗೆರೆಗಳು. ಟಿಟಿ ಎನ್ನುತ್ತಾರೆ. ಮಸಿಗೆ ಕಬ್ಬಿನ ಹಾಲು ಬೆರೆಸಿ, ಕೋಲಿನ ತುದಿಗೆ ಸೂಜಿ ಸಿಕ್ಕಿಸಿ, ಇನ್ನೊಂದು ಕೋಲಿನಿಂದ ಟಿಕ್ ಟಿಕ್ ಎಂದು ಬಡಿಯುತ್ತಾ ಹಾಕುವುದು. ಇದಿಲ್ಲದಿದ್ದರೆ ಸತ್ತ ಮೇಲೆ ಹಿರಿಯರಿಗೆ ನಮ್ಮ ಗುರುತು ಸಿಗುವುದಿಲ್ಲ ಎಂದರು ಅಮಾನ್. ಅಜ್ಜಿಯ ಮುಂಗೈಯಲ್ಲಿ ಹಸಿರು ಹಚ್ಚೆ ಇತ್ತು. ಬಂಗಾರ ಇಲ್ಲೇ ಉಳಿಯುತ್ತೆ, ಹಚ್ಚೆ ಮಾತ್ರ ಜೊತೆಗೆ ಬರುತ್ತೆ ಎನ್ನುತ್ತಿದ್ದಳು. ಅದನ್ನು ಹೇಳಿದೆ. ಅಮಾನ್ ಬಹಳ ಹೊತ್ತು ಸುಮ್ಮನಿದ್ದರು. ಆಮೇಲೆ, "ನಿನ್ನ ಕೈಯಲ್ಲಿ ಯಾಕಿಲ್ಲ?" ಎಂದು ಕೇಳಿದರು. ಉತ್ತರ ನನ್ನ ಹತ್ತಿರ ಇರಲಿಲ್ಲ.

ಆ ಗೆರೆಗಳಿಗಾಗಿ ಅವರ ಜನ ಪಟ್ಟ ಪಾಡು ಸಣ್ಣದಲ್ಲ. ಅವರ ಹಳೆಯ ನಂಬಿಕೆಗೆ ಅರತ್ ಸಬುಲುಂಗಾನ್ ಎಂದು ಹೆಸರು. 1954ರಲ್ಲಿ ಸರ್ಕಾರ ಸಭೆ ನಡೆಸಿ, ಇದನ್ನು ಬಿಡಿ, ಸರ್ಕಾರ ಒಪ್ಪಿದ ಧರ್ಮಗಳಲ್ಲಿ ಒಂದನ್ನು ಹಿಡಿಯಿರಿ ಎಂದು ತೀರ್ಮಾನ ಮಾಡಿತು. ಪೊಲೀಸರು ಪೂಜೆಯ ವಸ್ತುಗಳನ್ನು ಸುಟ್ಟರು, ಹಚ್ಚೆಗೆ, ಉದ್ದ ಕೂದಲಿಗೆ ತಡೆ ಹಾಕಿದರು. ಕಾಡಿನೊಳಗಿನ ಉಮಾಗಳಿಂದ ಜನರನ್ನು ಇಳಿಸಿ ಹೊಳೆದಂಡೆಯ ಸರ್ಕಾರಿ ಹಳ್ಳಿಗಳಲ್ಲಿ ಕೂರಿಸಿದರು. ಸಾಗು ಬಿಟ್ಟು ಭತ್ತ ಬೆಳೆಯಿರಿ ಎಂದರು. 1970ರ ದಶಕದಿಂದ ಮರದ ಕಂಪನಿಗಳೂ ಬಂದವು. ಇವತ್ತು ಬಹಳಷ್ಟು ಜನ ಕ್ರೈಸ್ತರು, ಕೆಲವರು ಮುಸ್ಲಿಮರು. ಮೇಲ್ಗಡೆಯ ಕಾಡಿಗೆ ಸರಿದ ಕೆಲವು ಮನೆಗಳಲ್ಲಿ ಹಳೆಯದು ಉಳಿಯಿತು. ಇಂಡೋನೇಷ್ಯಾದ ಗುರುತಿನ ಚೀಟಿಯ ಧರ್ಮದ ಜಾಗದಲ್ಲಿ ಇಂಥ ಮೂಲ ನಂಬಿಕೆಯನ್ನು ನಮೂದಿಸಬಹುದು ಎಂದು ಅಲ್ಲಿಯ ಸಂವಿಧಾನ ನ್ಯಾಯಾಲಯ ಹೇಳಿದ್ದು 2017ರಲ್ಲಿ. ಅರವತ್ತು ವರ್ಷದ ಮೇಲಾಯಿತು ಅಲ್ವಾ?

ಮೂರನೇ ದಿನ ಬೆಳಗಿನ ಜಾವ ಪುಟ್ಟಿ ಎಬ್ಬಿಸಿದಳು. "ಅಮ್ಮಾ, ಕೇಳು." ಕತ್ತಲೆಯಲ್ಲಿ ದೂರದ ಗುಡ್ಡದಿಂದ ಒಂದು ಕೂಗು. ಬಿಲೋ ಎನ್ನುವ ವಾನರ, ಬಾಲವಿಲ್ಲದ ಕಪ್ಪು ಗಿಬ್ಬನ್. ಈ ದ್ವೀಪಗಳನ್ನು ಬಿಟ್ಟರೆ ಪ್ರಪಂಚದ ಬೇರೆ ಯಾವ ಕಾಡಿನಲ್ಲೂ ಇಲ್ಲ. ಲಕ್ಷಾಂತರ ವರ್ಷಗಳ ಹಿಂದೆಯೇ ಸುಮಾತ್ರಾದಿಂದ ಬೇರೆಯಾದ ನೆಲ ಇದು. ಇದರ ಜೊತೆ ಸಿಮಾಕೊಬು, ಜೋಜಾ, ಬೊಕ್ಕೋಯ್ ಅನ್ನುವ ಕೋತಿಗಳೂ ಇಲ್ಲಿಯವೇ. ಬೇರೆ ಎಷ್ಟೋ ಜಾತಿಯ ಗಿಬ್ಬನ್‌ಗಳಲ್ಲಿ ಗಂಡು ಹೆಣ್ಣು ಒಟ್ಟಿಗೆ ದನಿ ಸೇರಿಸುತ್ತವೆ. ಬಿಲೋ ಹಾಗಲ್ಲ. ಗಂಡು ನಸುಕಿಗೆ ಮುಂಚೆ ಕೂಗಿ ಮುಗಿಸುತ್ತದೆ, ಹೆಣ್ಣು ಬೆಳಕಾದ ಮೇಲೆ ಶುರು ಮಾಡುತ್ತದೆ. ಹೆಣ್ಣಿನ ಕೂಗು ಕೆಳಗಿನಿಂದ ಏರುತ್ತಾ ಏರುತ್ತಾ ಹೋಗಿ, ತುದಿಯಲ್ಲಿ ನಡುಗಿ, ಮೆಲ್ಲಗೆ ಇಳಿಯಿತು. ಒಲೆ ಹಚ್ಚುತ್ತಿದ್ದ ಬಾಯ್ ಕೈ ನಿಲ್ಲಿಸಿ ಕೇಳಿದರು. ಹುಟ್ಟಿದಾಗಿನಿಂದ ಕೇಳಿದ ದನಿಗೂ ಹೀಗೆ ಕೈ ನಿಲ್ಲಿಸಿ ಕಿವಿ ಕೊಡುವವರನ್ನು ನಾನು ನೋಡಿದ್ದು ಕಡಿಮೆ.

ಅವತ್ತೇ ಒಂದು ಹಂದಿ ಕಡಿದರು. ಮನೆಯ ಮೊಮ್ಮಗುವಿಗೆ ಕೆಲವು ದಿನಗಳಿಂದ ಮೈ ಸರಿಯಿರಲಿಲ್ಲ. ನಾವು ಬರುವ ಮೊದಲೇ ಗೊತ್ತು ಮಾಡಿದ್ದ ಪೂಜೆ ಅದು, ನಮಗಾಗಿ ಅಲ್ಲ. ಅಮಾನ್ ತಲೆಗೆ ಮಣಿಯ ಪಟ್ಟಿ ಕಟ್ಟಿ, ದಾಸವಾಳ ಮುಡಿದು, ಗಂಟೆ ಅಲ್ಲಾಡಿಸುತ್ತಾ ಹಾಡಿದರು. ಕಡಿಯುವ ಮುಂಚೆ ಹಂದಿಯ ಪಕ್ಕ ಕೂತು, ಅದರ ಮೈ ಸವರುತ್ತಾ, ಯಾಕೆ ಕಡಿಯುತ್ತಿದ್ದೇವೆ ಎಂದು ಅದಕ್ಕೆ ತಿಳಿಸಿ ಹೇಳಿದರು. ಎದ್ದು ಹೋಗಬೇಕು ಅನ್ನಿಸಿತು, ಹೋಗಲಿಲ್ಲ. ಆ ಮಗುವಿನ ತಾಯಿ ನನ್ನ ಪಕ್ಕದಲ್ಲೇ ಕೂತಿದ್ದಳು. ಪುಟ್ಟಿಯೂ ನಾನೂ ಕ್ಯಾಮೆರಾ ತೆಗೆಯಲಿಲ್ಲ.

ಮಾಂಸ ಪಾಲು ಮಾಡಿದ ರೀತಿ ಮಾತ್ರ ಕಣ್ಣಿಗೆ ಕಟ್ಟಿದ ಹಾಗಿದೆ. ಉಮಾದಲ್ಲಿ ಗೌಡ, ಯಜಮಾನ ಅಂತ ಒಬ್ಬರು ಇಲ್ಲ. ಎಷ್ಟು ಒಲೆಯೋ ಅಷ್ಟು ಗುಡ್ಡೆ. ಎಲೆ ಹಾಸಿ, ಪ್ರತಿ ಗುಡ್ಡೆಗೂ ಸ್ವಲ್ಪ ಯಕೃತ್ತು, ಸ್ವಲ್ಪ ಕೊಬ್ಬು, ಸ್ವಲ್ಪ ಮೂಳೆ, ಎಲ್ಲರ ಕಣ್ಣೆದುರು. ಒಂದು ಗುಡ್ಡೆ ಸಣ್ಣದಾಯಿತು ಎಂದು ಒಬ್ಬ ಅಜ್ಜಿ ಕೈ ತೋರಿಸಿದಳು. ತಕ್ಷಣ ಸರಿಮಾಡಿದರು.

ಹೊರಡುವ ಹಿಂದಿನ ರಾತ್ರಿ ಗೈಡ್‌ನನ್ನು ನೇರ ಕೇಳಿದೆ, ನಾವು ಕಟ್ಟಿದ ಹಣದಲ್ಲಿ ಈ ಮನೆಗೆ ಎಷ್ಟು ಬರುತ್ತದೆ? ಹೇಳಲು ಅವನಿಗೆ ಇಷ್ಟವಿರಲಿಲ್ಲ. ಒತ್ತಾಯ ಮಾಡಿದ ಮೇಲೆ ಹೇಳಿದ. ನಾಲ್ಕು ರಾತ್ರಿ ನಮ್ಮನ್ನು ಇಟ್ಟುಕೊಂಡು, ಉಣ್ಣಿಸಿ, ಕೈಗೆ ಮದ್ದು ಹಚ್ಚಿದ ಮನೆಗೆ ಸಿಗುತ್ತಿದ್ದದ್ದು ನಾವು ಕೊಟ್ಟಿದ್ದರ ಹತ್ತನೇ ಒಂದು ಪಾಲು ಕೂಡ ಅಲ್ಲ. ನನಗೆ ಅಳು ಬಂತು, ಸಿಟ್ಟೂ ಬಂತು. ನಮ್ಮ ಹತ್ತಿರ ಉಳಿದಿದ್ದ ರುಪಿಯಾವನ್ನು ಒಟ್ಟು ಮಾಡಿ ಬೆಳಿಗ್ಗೆ ಜಗಲಿಯಲ್ಲಿ ಅಮಾನ್ ಕೈಗೆ ಇಟ್ಟೆ. ಅವರು ಅದನ್ನು ಒಳಗೆ ಒಯ್ಯಲಿಲ್ಲ. ಎಲ್ಲರನ್ನೂ ಕರೆದು ಹಲಗೆಯ ಮೇಲೆ ಎಣಿಸಿ ಐದು ಗುಡ್ಡೆ ಮಾಡಿದರು, ಮಾಂಸ ಪಾಲು ಹಾಕಿದ ಹಾಗೆಯೇ.

ನೀವು ಹೋಗುವುದಾದರೆ ಬುಕ್ ಮಾಡುವ ಮೊದಲೇ ಈ ಒಂದು ಪ್ರಶ್ನೆ ಕೇಳಿ. ಮನೆಗೆ ಎಷ್ಟು ಎಂದು ಬಾಯಿಬಿಟ್ಟು ಹೇಳದವರ ಹತ್ತಿರ ಹೋಗಬೇಡಿ. ಸಾಧ್ಯವಾದರೆ ಸಿಬೆರುತ್‌ನವರೇ ಆದ ಗೈಡ್‌ನನ್ನು ನೇರ ಹಿಡಿಯಿರಿ. ಉಳಿದದ್ದು ಸಣ್ಣಪುಟ್ಟದ್ದು. ಗಂಬೂಟು ಬೇಕೇ ಬೇಕು. ಮಲೇರಿಯಾ ಇರುವ ಜಾಗ, ಮೊದಲೇ ಡಾಕ್ಟರನ್ನು ಕಂಡು ಮಾತ್ರೆ ಬರೆಸಿಕೊಳ್ಳಿ. ಉಡುಗೊರೆಗೆ ಎಲ್ಲರೂ ತಂಬಾಕು ಒಯ್ಯುತ್ತಾರೆ, ಅವರೂ ಕೇಳುತ್ತಾರೆ. ನನಗೆ ಮನಸ್ಸು ಒಪ್ಪಲಿಲ್ಲ. ಉಪ್ಪು, ಸಕ್ಕರೆ, ಸೂಜಿ, ದಾರ, ಚಿಕ್ಕಪೇಟೆಯಿಂದ ಕೊಂಡ ಬಣ್ಣದ ಗಾಜಿನ ಮಣಿ ಒಯ್ದಿದ್ದೆ. ಮಣಿ ನೋಡಿ ಬಾಯ್ ಮುಖ ಅರಳಿದ್ದನ್ನು ಮರೆಯಲಾರೆ. ಕೆಂಪು, ಹಳದಿ ಬೇರೆ ಮಾಡಿ ಅಂದೇ ಪೋಣಿಸಲು ಕೂತರು.

"ಮಸುರಕ್ ಬಗತಾ" ಎಂದೆ, ಅವರ ಭಾಷೆಯ ಧನ್ಯವಾದ. ಬಾಯ್ ನನ್ನ ಮಣಿಕಟ್ಟು ಹಿಡಿದು, ಒತ್ತಿ, ನೋವಿದೆಯಾ ಎಂದು ಮುಖ ನೋಡಿದರು. ಇಲ್ಲ ಎಂದು ತಲೆಯಾಡಿಸಿದೆ. ದಾರಿಗೆ ಎಂದು ಹತ್ತು ಕಪುರುತ್ ಕಟ್ಟಿಕೊಟ್ಟರು.

ಬೆಂಗಳೂರಿಗೆ ಬಂದ ಮರುದಿನವೇ ಊರಿಗೆ ಫೋನ್ ಮಾಡಿದೆ. ಕೊಟ್ಟಿಗೆ ಹಿಂದಿನ ಕೂವೆ ಇನ್ನೂ ಇದೆಯಾ ಎಂದು ತಮ್ಮನನ್ನು ಕೇಳಿದೆ. "ಇದೆ ಅಕ್ಕಾ, ತಾನಾಗೇ ಬೆಳೀತಾ ಇದೆ. ಯಾರೂ ಕೀಳೋದಿಲ್ಲ ಅಷ್ಟೇ" ಎಂದ. ಈ ಸಲ ಕೀಳುವುದಕ್ಕೆ ಜನವರಿಯಲ್ಲಿ ಬರುತ್ತೇನೆ, ಅಜ್ಜಿಯ ಹಳೆ ಮರಿಗೆ ಅಟ್ಟದಿಂದ ಇಳಿಸಿಡು ಅಂದೆ. ಸಂಜೆ ಅವನು ಗಿಡದ ಫೋಟೋ ಕಳಿಸಿದ, ಎಲೆಯದ್ದೊಂದು, ಬುಡ ಬಿಡಿಸಿ ಗಡ್ಡೆಯದ್ದೊಂದು. ಎರಡನ್ನೂ ಪುಟ್ಟಿ ಗೈಡ್‌ಗೆ ಕಳಿಸಿದ್ದಾಳೆ. ಮುಂದಿನ ವಾರ ಹೊಳೆಯ ಮೇಲ್ಗಡೆ ಹೋಗುವುದಿದೆ, ಬಾಯ್‌ಗೆ ತೋರಿಸುತ್ತೇನೆ ಎಂದು ಉತ್ತರ ಬಂದಿದೆ.